ಕಿವಿ ಮಂದವಾದ ಮಾವನವರ ಜೊತೆ ಮಾತಾಡೋದು ಹೇಗೆ?

ಹಿತ್ತಲ_ಮಲ್ಲಿಗೆ:
ಮಾವನವರಿಗೆ 74. ಮೆಲ್ಲಗೆ ಹೇಳಿದರೆ ಕೇಳಿಸಲ್ಲ, ಜೋರಾಗಿ ಹೇಳಿದರೆ "ಯಾಕಮ್ಮಾ ಕಿರುಚ್ತೀಯ" ಅಂತ ರೇಗ್ತಾರೆ. ಎಷ್ಟೋ ಸಲ ಸುಮ್ಮನೆ "ಹೂಂ" ಅಂದುಬಿಡ್ತಾರೆ, ಆಮೇಲೆ ನೋಡಿದರೆ ಏನೂ ತಿಳಿದಿರಲ್ಲ. ಕಿವಿ ಮೆಷಿನ್‌ಗೆ ಇನ್ನೂ ಒಪ್ಪಿಲ್ಲ.

ಶಬ್ದವೇಧಿ:
ರೇಗೋದು ಹಟಕ್ಕಲ್ಲ. ವಯಸ್ಸಿನ ಕಿವುಡಿನಲ್ಲಿ ಮೊದಲು ಹೋಗೋದು ಕೀರಲು ಸದ್ದು. ಸ, ಶ, ತ, ಕ ಮಸುಕಾಗುತ್ತವೆ. ಆ, ಓ ಚೆನ್ನಾಗೇ ಕೇಳಿಸುತ್ತವೆ. ಕೂಗಿದಾಗ ಜೋರಾಗೋದು ಆ ಸ್ವರಗಳೇ, ವ್ಯಂಜನ ಇನ್ನಷ್ಟು ಮುಚ್ಚಿಹೋಗುತ್ತೆ. ಜೊತೆಗೆ ಒಳಗಿವಿ ಸವೆದವರಿಗೆ ಸದ್ದು ಒಂದು ಮಟ್ಟ ದಾಟಿದರೆ ಹೊಡೆದ ಹಾಗಾಗುತ್ತೆ.

ಹತ್ತಿರ ಹೋಗಿ, ಮೂರು ನಾಲ್ಕು ಅಡಿಗೆ. ಅಂತರ ಅರ್ಧಕ್ಕಿಳಿದರೆ ಗಂಟಲು ಏರಿಸದೇನೇ ಸುಮಾರು 6 ಡೆಸಿಬಲ್ (ಸದ್ದಿನ ಅಳತೆ) ಲಾಭ. ಕಿವಿಗೇ ಬಾಯಿ ಇಟ್ಟು ಹೇಳಬೇಡಿ, ತುಟಿ ಕಾಣಲ್ಲ. ಕಿಟಕಿಗೆ ಬೆನ್ನು ಹಾಕಿ ನಿಂತರೂ ಅಷ್ಟೇ, ಮುಖ ಕಪ್ಪಾಗುತ್ತೆ. ಮಿಕ್ಸಿ, ಟಿವಿ ನಿಲ್ಲಿಸಿ. "ಮಾವ" ಅಂತ ಕರೆದು, ಅವರು ತಿರುಗಿ ನೋಡಿದ ಮೇಲೇ ವಿಷಯ ಎತ್ತಿ.

ಮೂರುಸಂಜೆ:
ತುಟಿಯನ್ನೇ ನಂಬಿ ಕೂರಬೇಡಿ. ಪ, ಬ, ಮ ಮೂರಕ್ಕೂ ತುಟಿ ಮುಚ್ಚೋದು ಒಂದೇ ಥರ. "ಮಾತ್ರೆ ತಗೊಂಡ್ರಾ", "ಪಾತ್ರೆ ತಗೊಂಡ್ರಾ" ಎರಡೂ ಕಣ್ಣಿಗೆ ಒಂದೇ. ಹಾಗಾಗಿ ಕೇಳಿಸದ ಮಾತನ್ನೇ ಮೂರು ಸಲ ಒದರೋದು ದಂಡ, "ಬೆಳಗಿನ ಬಿಪಿ ಗುಳಿಗೆ ನುಂಗಿದ್ರಾ?" ಅಂತ ಬದಲಿಸಿ. ವಿಷಯ ಮೊದಲು ಬರಲಿ. "ನಾಳೆ ಡಾಕ್ಟರ ಹತ್ರ ಹೋಗೋ ವಿಚಾರ" ಅಂದುಬಿಟ್ಟರೆ ಉಳಿದದ್ದನ್ನ ಅರ್ಧ ಊಹಿಸಿಕೊಳ್ತಾರೆ.

"ಹೂಂ" ಕಾಟಕ್ಕೆ: "ಕೇಳಿಸ್ತಾ?" ಅಂತ ಕೇಳಲೇಬೇಡಿ, ಯಾರಾದರೂ ಹೂಂ ಅಂತಾರೆ. "ಎಷ್ಟು ಗಂಟೆಗೆ ಹೊರಡೋಣ ಮಾವ?" ಅನ್ನಿ. ಉತ್ತರ ಅವರ ಬಾಯಿಂದಲೇ ಬರಬೇಕು.

ಕೆಆರ್‌ಎಸ್_ರಸ್ತೆ:
ಇದೆಲ್ಲದಕ್ಕೂ ಮುಂಚೆ ಇಎನ್‌ಟಿ ಹತ್ರ ಗುಗ್ಗೆ ನೋಡಿಸಿ. ಹೇರ್‌ಪಿನ್, ಬಿಸಿ ಎಣ್ಣೆ ಬೇಡವೇ ಬೇಡ. ಆಮೇಲೆ ಆಡಿಯೋಗ್ರಾಮ್, ಅಂದರೆ ಯಾವ ಸದ್ದು ಎಷ್ಟು ಕೇಳಿಸುತ್ತೆ ಅಂತ ಅಳೆಯೋ ಪರೀಕ್ಷೆ. ಮೈಸೂರು ಹತ್ತಿರವಿದ್ದರೆ ಮಾನಸಗಂಗೋತ್ರಿಯ ವಾಕ್ ಶ್ರವಣ ಸಂಸ್ಥೆ 1965ರಿಂದ ಇದೇ ಕೆಲಸ ಮಾಡ್ತಿದೆ. ಒಂದು ಕಿವಿ ದಿಢೀರನೆ ಮಂದವಾದರೆ ಮಾತ್ರ ಒಂದು ದಿನವೂ ಕಾಯಬೇಡಿ.

ಹಿತ್ತಲ_ಮಲ್ಲಿಗೆ:
ಎಲ್ಲರೂ ಊಟಕ್ಕೆ ಕೂತಾಗ?

ಶಬ್ದವೇಧಿ:
ಅದೇ ಕಷ್ಟದ ಜಾಗ. ಗೋಡೆಗೆ ಬೆನ್ನು ಕೊಟ್ಟು, ಚೆನ್ನಾಗಿ ಕೇಳಿಸೋ ಕಿವಿ ಜನರ ಕಡೆಗಿರೋ ಹಾಗೆ ಕೂರಿಸಿ. ಮಾತು ಎಲ್ಲಿಂದೆಲ್ಲಿಗೋ ಹಾರಿದಾಗ ಪಕ್ಕದವರು "ಈಗ ಸೈಟಿನ ಮಾತು" ಅಂತ ಒಂದು ಸಾಲು ಹೇಳಲಿ. "ಏನಿಲ್ಲ ಬಿಡಿ, ಆಮೇಲೆ ಹೇಳ್ತೀನಿ" ಮಾತ್ರ ಅನ್ನಬೇಡಿ, ಅದಕ್ಕಿಂತ ಬೇಜಾರಿನ ಮಾತು ಅವರಿಗೆ ಬೇರೆ ಇಲ್ಲ.