ಶೃಂಗೇರಿ ರಾಶಿ ಕಂಬದ ಮೇಲೆ ಬಿಸಿಲು ಬೀಳುವುದನ್ನು ಯಾರಾದರೂ ಕಣ್ಣಾರೆ ನೋಡಿದ್ದೀರಾ?

ಹಾಸನದವನು:
ಡಿಸೆಂಬರ್ ಮೊದಲ ವಾರ ಅಮ್ಮನನ್ನು ಕರೆದುಕೊಂಡು ಶೃಂಗೇರಿಗೆ ಹೋಗಿದ್ದೆ. ಹಿಂದಿನ ರಾತ್ರಿಯೇ ಹೋಗಿ ಉಳಿದಿದ್ದೆವು. ಕಾರಣ ಒಂದೇ. ವಿದ್ಯಾಶಂಕರ ದೇವಸ್ಥಾನದಲ್ಲಿ 12 ರಾಶಿ ಕಂಬಗಳಿವೆ, ಸೂರ್ಯ ಯಾವ ರಾಶಿಯಲ್ಲಿರುತ್ತಾನೋ ಆ ಕಂಬದ ಮೇಲೆ ಬೆಳಗಿನ ಮೊದಲ ಬಿಸಿಲು ಬೀಳುತ್ತೆ ಅಂತ ಚಿಕ್ಕಂದಿನಿಂದ ಕೇಳಿದ್ದೇನೆ. ವೃಶ್ಚಿಕ ಮಾಸ ಅಲ್ವಾ, ಚೇಳಿನ ಕಂಬ ಹುಡುಕಿಕೊಂಡು ಒಂದೂವರೆ ಗಂಟೆ ನಿಂತೆ. ಹೊರಗೆ ದಟ್ಟ ಮಂಜು. ಬಿಸಿಲು ಬಂದಾಗ ಎಂಟೂವರೆ ಆಗಿತ್ತು, ಮೊದಲ ಕಿರಣದ ಹೊತ್ತು ಎಂದೋ ಮುಗಿದಿತ್ತು. ಅಮ್ಮ ಅಷ್ಟರಲ್ಲಿ ಮೂರು ಪೊಟ್ಟಣ ಪುರಿ ಮೀನಿಗೆ ಹಾಕಿ ಬಂದು, "ಶಾರದಮ್ಮನ್ನ ನೋಡೋಕೆ ಬಂದ್ಯೋ, ಕಂಬ ಕಾಯೋಕೆ ಬಂದ್ಯೋ?" ಅಂದರು.
ಇದು ನಿಜವಾ? ನಿಜವಾದರೆ ಯಾವ ತಿಂಗಳು ಹೋಗಬೇಕು?

ಕಾಫಿ ಒಣಗಿಸುವವ:
ಡಿಸೆಂಬರ್ ಪರವಾಗಿಲ್ಲ ಬಿಡಿ. ಆಷಾಢದಲ್ಲಿ ಹೋಗಿದ್ದರೆ ಸೂರ್ಯ ಯಾವ ರಾಶಿಯಲ್ಲಿದ್ದಾನೆ ಅನ್ನುವುದಿರಲಿ, ಇದ್ದಾನಾ ಅನ್ನುವುದೇ ಅನುಮಾನ. ನಮ್ಮ ಬಾಳೆಹೊನ್ನೂರು ಕಡೆ ಅಂತೂ ಮಿಥುನ, ಕರ್ಕ ಎರಡೂ ಛತ್ರಿ ರಾಶಿಗಳೇ.

ತುಂಗೆ ದಡದವಳು:
ನಾನು ಶೃಂಗೇರಿಯಲ್ಲೇ ಹುಟ್ಟಿ ಬೆಳೆದವಳು. ಈಗ ಚಿಕ್ಕಮಗಳೂರಿನಲ್ಲಿದ್ದೇನೆ. ನೀವು "ಪುರಿ" ಅಂದಿದ್ದಕ್ಕೇ ಹಾಸನದವರು ಅಂತ ಗೊತ್ತಾಯಿತು. ನಮ್ಮಲ್ಲಿ ಅದು ಮಂಡಕ್ಕಿ.

ಸ್ಕೂಲಿಗೆ ಹೋಗುವಾಗ ದೇವಸ್ಥಾನದ ಜಗಲಿ ದಾಟಿಯೇ ಹೋಗುತ್ತಿದ್ದೆವು. ಪೂರ್ವದ ಬಾಗಿಲಿನಿಂದ ಬೆಳಕು ಒಳಗೆ ಬಂದು ಕಂಬದ ಬುಡ ಹತ್ತುವುದನ್ನು ಎಷ್ಟೋ ಸಲ ನೋಡಿದ್ದೇನೆ. ಆದರೆ ಅದು ಆ ತಿಂಗಳ ಕಂಬವೇನಾ? ಪ್ರಾಮಾಣಿಕವಾಗಿ ಹೇಳಬೇಕೆಂದರೆ, ಒಂದು ದಿನವೂ ತಾಳೆ ನೋಡಲಿಲ್ಲ. ಗಂಟೆ ಹೊಡೆಯುವ ಮೊದಲು ಸ್ಕೂಲು ಸೇರಬೇಕಿತ್ತು.

ಮತ್ತೆ ಹೋದಾಗ ಕಂಬದ ಮೇಲ್ಗಡೆ ಮಾತ್ರ ನೋಡಬೇಡಿ. ನೆಲ ನೋಡಿ. ಅಲ್ಲಿ ಒಂದು ವೃತ್ತ ಕೊರೆದು ಗೆರೆ ಹಾಕಿದ್ದಾರೆ, ನೆರಳು ಬೀಳುವ ದಿಕ್ಕು ಗುರುತಿಸಲು. ಅಂದರೆ ಕಟ್ಟಿದವರಿಗೆ ಬಿಸಿಲಿನ ಲೆಕ್ಕ ತಲೆಯಲ್ಲಿತ್ತು. ಕಂಬದ ಸಿಂಹಗಳ ಬಾಯಲ್ಲಿ ಕಲ್ಲಿನ ಗುಂಡು ಇದೆ. ಬೆರಳು ಹಾಕಿದರೆ ಉರುಳುತ್ತೆ, ಹೊರಗೆ ಬರುವುದಿಲ್ಲ. ನಮ್ಮ ಬಾಲ್ಯದ ಅರ್ಧ ಅದಕ್ಕೇ ಹೋಗಿದೆ. ಮೇಲೆ ಛಾವಣಿಯಲ್ಲಿ ಕಮಲ, ಅದನ್ನು ಕುಕ್ಕುವ ಗಿಳಿಗಳು. ಹೊರಗೆ ಸೂರಿನ ಮೂಲೆಗಳಲ್ಲಿ ಕಲ್ಲಿನ ಸರಪಳಿ. ಬೇಲೂರು ನೋಡಿ ಬೆಳೆದ ನಿಮಗೆ ಕೆಳಗಿನ ಪಟ್ಟಿಕೆಗಳು ಎಲ್ಲೋ ನೋಡಿದ ಹಾಗೆ ಅನ್ನಿಸಿರಬೇಕು. ಕಟ್ಟಿದ್ದು ವಿಜಯನಗರದ ಶುರುವಿನ ಕಾಲ, 1338 ಅಂತ ಸಾಮಾನ್ಯವಾಗಿ ಬರೆಯುತ್ತಾರೆ. ಕೈ ಮಾತ್ರ ಹೊಯ್ಸಳರ ಕಡೆಯ ಪಳಗಿದ ಕೈ. 1346ರಲ್ಲಿ ವಿಜಯನಗರದ ಅರಸ ಹರಿಹರ ತಮ್ಮಂದಿರ ಜೊತೆ ಬಂದು ಆಗಿನ ಮಠದ ಗುರು ಭಾರತೀತೀರ್ಥರಿಗೆ ಭೂಮಿ ಕೊಟ್ಟ ಶಾಸನವೂ ಇದೆ.

ನಮ್ಮ ಊರಿನವರಿಗೆ ಕಂಬಕ್ಕಿಂತ ಕಪ್ಪೆಯೇ ಜಾಸ್ತಿ ಲೆಕ್ಕ. ಸ್ನಾನಘಟ್ಟದ ಹತ್ತಿರ ಕಪ್ಪೆ ಶಂಕರ ಅಂತ ಇದೆ, ನೋಡಿದಿರಾ? ಬಿಸಿಲಿನಲ್ಲಿ ಹೆರಿಗೆ ನೋವು ತಿನ್ನುತ್ತಿದ್ದ ಕಪ್ಪೆಗೆ ಹಾವು ಹೆಡೆ ಬಿಚ್ಚಿ ನೆರಳು ಕೊಟ್ಟಿತ್ತಂತೆ. ಅದನ್ನು ಕಂಡೇ ಶಂಕರಾಚಾರ್ಯರು ಇಲ್ಲಿ ಪೀಠ ಮಾಡಿದರು ಅಂತ ಕಥೆ. ಮಳೆಗಾಲದಲ್ಲಿ ಅಮ್ಮನಿಗೆ ಫೋನ್ ಮಾಡಿದರೆ ನಾನು ಮೊದಲು ಕೇಳುವುದೇ "ಕಪ್ಪೆ ಶಂಕರ ಮುಳುಗಿತಾ?" ಮುಳುಗಿದರೆ ಹೊಳೆ ಏರಿದೆ ಅಂತ ಅರ್ಥ. ಗಾಂಧಿ ಮೈದಾನಕ್ಕೂ ನೀರು ಬಂದರೆ ಅವತ್ತು ಊರಿಗೆ ಹೋಗುವ ಪ್ಲಾನ್ ಕ್ಯಾನ್ಸಲ್. ಅಂಥ ದಿನ ಮೆಟ್ಟಿಲಿಗೆ ಇಳಿಯಲು ಬಿಡುವುದಿಲ್ಲ, ಮೀನಿಗೆ ಮಂಡಕ್ಕಿಯೂ ಇಲ್ಲ.

ಲೆಕ್ಕದ ಮೇಷ್ಟ್ರು:
ಒಂದು ತಕರಾರು. ಸೂರ್ಯ ಹುಟ್ಟುವ ಜಾಗ ವರ್ಷಪೂರ್ತಿ ಒಂದೇ ಇರುವುದಿಲ್ಲ. ನಮ್ಮ ಕಡೆ ನೇರ ಪೂರ್ವದಿಂದ ಉತ್ತರಕ್ಕೆ ಸುಮಾರು 24 ಡಿಗ್ರಿ, ದಕ್ಷಿಣಕ್ಕೆ ಸುಮಾರು 24 ಡಿಗ್ರಿ ಓಡಾಡುತ್ತದೆ. ಹೋದ ದಾರಿಯಲ್ಲೇ ವಾಪಸ್ ಬರುತ್ತದೆ. ಹಾಗಾಗಿ ನವೆಂಬರ್ 27ರ ಸುಮಾರಿಗೆ ಎಲ್ಲಿ ಹುಟ್ಟುತ್ತದೋ ಸಂಕ್ರಾಂತಿ ಹೊತ್ತಿಗೆ ಹೆಚ್ಚುಕಡಿಮೆ ಅಲ್ಲೇ ಹುಟ್ಟುತ್ತದೆ. ಮೊದಲನೆಯದು ವೃಶ್ಚಿಕ, ಎರಡನೆಯದು ಮಕರ. ಬೆಳಕು ಬರುವ ದಿಕ್ಕು ಒಂದೇ ಆದಾಗ ಕಂಬ ಹೇಗೆ ಬೇರೆಯಾಗುತ್ತದೆ? ಮೊದಲ ಕಿರಣ ಒಂದರಿಂದಲೇ 12 ಕಂಬ ಬೇರೆ ಮಾಡುವುದು ಕಷ್ಟ.
ಇನ್ನೊಂದು. ಋತುವಿನ ಲೆಕ್ಕದಲ್ಲಿ ಸಂಕ್ರಾಂತಿ, ಅಂದರೆ ಸೂರ್ಯ ರಾಶಿ ಬದಲಿಸುವ ದಿನ, ಸುಮಾರು 72 ವರ್ಷಕ್ಕೆ ಒಂದು ದಿನ ಮುಂದೆ ಜಾರುತ್ತದೆ. ದೇವಸ್ಥಾನ ಕಟ್ಟಿ ಸುಮಾರು 690 ವರ್ಷ ಅಂದರೆ ಒಂಬತ್ತು ಹತ್ತು ದಿನ. ಅವತ್ತು ಕರಾರುವಾಕ್ಕಾಗಿ ಇಟ್ಟಿದ್ದರೂ ಇವತ್ತು ಅಷ್ಟು ತಪ್ಪಿರುತ್ತದೆ.

ತುಂಗೆ ದಡದವಳು:
ಮೇಷ್ಟ್ರೇ, ನಿಮ್ಮ ಲೆಕ್ಕಕ್ಕೆ ನನ್ನ ಹತ್ತಿರ ಉತ್ತರ ಇಲ್ಲ. ಆದರೆ ಸುಮ್ನೆ ಅಲಂಕಾರಕ್ಕೆ ರಾಶಿ ಕೆತ್ತಿದರು ಅಂತಲೂ ಒಪ್ಪಲಾರೆ. ಅಲಂಕಾರಕ್ಕಾದರೆ ನೆಲದ ಮೇಲೆ ವೃತ್ತ ಯಾಕೆ? ಮೊದಲ ಕಿರಣ ಅನ್ನುವುದು ಹೇಳುವವರು ಸೇರಿಸಿದ ಉಪ್ಪುಖಾರ ಇರಬಹುದು. ನಮ್ಮೂರಿನಲ್ಲಿ ಗುಡ್ಡ, ಮರ ದಾಟಿ ಬಿಸಿಲು ಬರುವಾಗಲೇ ಅದು ಎಷ್ಟನೇ ಕಿರಣವೋ!

ಹಾಸನದವನು:
ಎಲ್ಲರಿಗೂ ಥ್ಯಾಂಕ್ಸ್. ಕಪ್ಪೆ ಶಂಕರ ನೋಡಲೇ ಇಲ್ಲ, ಅಮ್ಮ ನೋಡಿದ್ದಾರಂತೆ. ಮೇಷ್ಟ್ರ ಮಾತು ಹಿಡಿದು ಜನವರಿ 15ಕ್ಕೆ ರಜೆ ಹಾಕಿದ್ದೇನೆ. ಬೆಳಕು ಚೇಳಿನ ಕಂಬಕ್ಕೆ ಬೀಳುತ್ತೋ ಮಕರದ ಕಂಬಕ್ಕೋ ನೋಡಿಯೇ ಬಿಡುತ್ತೇನೆ. ಅಕ್ಕಾ, ಆಗ ಮಂಜು ಇರುತ್ತಾ?

ತುಂಗೆ ದಡದವಳು:
ಇರುತ್ತೆ. ಮಂಡಕ್ಕಿ ತಗೊಂಡು ಹೋಗಿ.