ಬೂಷ್ಟಿನಿಂದ ಬಂದ ಕೊಲೆಸ್ಟ್ರಾಲ್ ಔಷಧ: ಹೆಸರುಗಳ ಗೊಂದಲಕ್ಕೆ ಔಷಧಶಾಸ್ತ್ರ ಅಧ್ಯಾಪಕಿಯ ಉತ್ತರ

ಪ್ರಶ್ನೆ (ಧಾರವಾಡದ ಅನುವಾದಕಿ): ನಮಸ್ಕಾರ ಮೇಡಂ. ಕೊಲೆಸ್ಟ್ರಾಲ್ ಇಳಿಸುವ ಔಷಧಗಳ ಇತಿಹಾಸದ ಬಗ್ಗೆ ಒಂದು ಲೇಖನವನ್ನು ಕನ್ನಡಕ್ಕೆ ತರುತ್ತಿದ್ದೇನೆ. ಅದರಲ್ಲಿ ಎಂಎಲ್-236ಬಿ, ಕಾಂಪ್ಯಾಕ್ಟಿನ್, ಮೆವಾಸ್ಟಾಟಿನ್, ಮೆವಿನೋಲಿನ್, ಮೊನಾಕೊಲಿನ್ ಕೆ, ಲೊವಾಸ್ಟಾಟಿನ್ ಎಂದು ಆರು ಹೆಸರುಗಳು ಬರುತ್ತವೆ. ಇವೆಲ್ಲ ಬೇರೆ ಬೇರೆ ಔಷಧಗಳೇ? ಕನ್ನಡದಲ್ಲಿ ‘ಕೊಲೆಸ್ಟ್ರಾಲ್ ನಾಶಕ’ ಎಂದು ಬರೆದರೆ ಸಾಕೇ?

ಉತ್ತರ: ನಮಸ್ಕಾರ. ಹೆಸರು ಆರು, ವಸ್ತು ಎರಡೇ. ಮೊದಲ ಮೂರು ಹೆಸರುಗಳು ಒಂದು ವಸ್ತುವಿಗೆ, ಉಳಿದ ಮೂರು ಇನ್ನೊಂದಕ್ಕೆ ಸೇರಿದವು. ಪ್ರತಿ ಹೆಸರಿನ ಹಿಂದೆಯೂ ಒಂದು ಪ್ರಯೋಗಾಲಯ ಇದೆ. ಅದು ತಿಳಿದರೆ ಗೊಂದಲ ತಾನಾಗಿಯೇ ಹೋಗುತ್ತದೆ.

1971ರಲ್ಲಿ ಟೋಕಿಯೊದ ಸ್ಯಾಂಕ್ಯೊ ಕಂಪನಿಯಲ್ಲಿ ಅಕಿರಾ ಎಂಡೊ ಎಂಬ ವಿಜ್ಞಾನಿ ಶಿಲೀಂಧ್ರಗಳನ್ನು ಒಂದೊಂದಾಗಿ ಬೆಳೆಸಿ ಪರೀಕ್ಷಿಸಲು ಆರಂಭಿಸಿದರು. ಅವರು ಅಕಿತಾ ಪ್ರಾಂತ್ಯದ ರೈತ ಕುಟುಂಬದವರು, ಬಾಲ್ಯದಿಂದಲೇ ಅಣಬೆಗಳ ಹುಚ್ಚು ಹಿಡಿಸಿಕೊಂಡವರು. ಅವರ ಊಹೆ ಸರಳವಾಗಿತ್ತು. ಎಷ್ಟೋ ಸೂಕ್ಷ್ಮಜೀವಿಗಳಿಗೆ ಬದುಕಲು ಸ್ಟೆರಾಲ್, ಅಂದರೆ ಕೊಲೆಸ್ಟ್ರಾಲ್ ಬಗೆಯ ವಸ್ತು, ಬೇಕು. ಹಾಗಿದ್ದರೆ ಶತ್ರುವಿನ ಸ್ಟೆರಾಲ್ ತಯಾರಿಕೆಯನ್ನೇ ತಡೆಯುವ ವಸ್ತುವನ್ನು ಯಾವುದಾದರೂ ಶಿಲೀಂಧ್ರ ತಯಾರಿಸುತ್ತಿರಬೇಕು. ಅದು ಮನುಷ್ಯನ ಕೊಲೆಸ್ಟ್ರಾಲ್ ತಯಾರಿಕೆಯನ್ನೂ ತಡೆಯಬಹುದು. ಸುಮಾರು ಆರು ಸಾವಿರ ಬಗೆಯ ಸೂಕ್ಷ್ಮಜೀವಿಗಳನ್ನು ಜಾಲಾಡಿದ ಮೇಲೆ, ಕ್ಯೋಟೊ ನಗರದ ಧಾನ್ಯದ ಅಂಗಡಿಯೊಂದರ ಅಕ್ಕಿಯ ಮೇಲೆ ಬೆಳೆದಿದ್ದ ನೀಲಿ-ಹಸಿರು ಬೂಷ್ಟಿನಲ್ಲಿ ಬೇಕಾದದ್ದು ಸಿಕ್ಕಿತು. ಆ ಬೂಷ್ಟು ಪೆನಿಸಿಲಿಯಂ ಸಿಟ್ರಿನಮ್. ಅದರಿಂದ 1973ರಲ್ಲಿ ದೊರೆತ ವಸ್ತುವಿಗೆ ಕಂಪನಿ ಕೊಟ್ಟ ಸಂಕೇತವೇ ಎಂಎಲ್-236ಬಿ.

ಇತ್ತ ಬ್ರಿಟನ್ನಿನ ಬೀಚಮ್ ಕಂಪನಿಯವರಿಗೆ ಅದೇ ವಸ್ತು ಇನ್ನೊಂದು ಬೂಷ್ಟಿನಲ್ಲಿ ಸಿಕ್ಕಿತು. ಅದು ಪೆನಿಸಿಲಿಯಂ ಬ್ರೆವಿಕಾಂಪ್ಯಾಕ್ಟಮ್. ಆ ಪ್ರಭೇದದ ಹೆಸರಿನ ಬಾಲ ಹಿಡಿದು 1976ರಲ್ಲಿ ಅವರು ಇಟ್ಟ ಹೆಸರು ಕಾಂಪ್ಯಾಕ್ಟಿನ್. ಗಮನಿಸಿ, ಅವರು ಹುಡುಕುತ್ತಿದ್ದದ್ದು ಕೊಲೆಸ್ಟ್ರಾಲ್ ಔಷಧವನ್ನಲ್ಲ, ಶಿಲೀಂಧ್ರನಾಶಕವನ್ನು. ಆದ್ದರಿಂದ ಆ ಹೆಸರಿನಲ್ಲಿ ಕೊಲೆಸ್ಟ್ರಾಲ್‌ನ ಸುಳಿವೇ ಇಲ್ಲ. ಮೆವಾಸ್ಟಾಟಿನ್ ಎಂಬುದು ಇದೇ ವಸ್ತುವಿನ ಅಂತರರಾಷ್ಟ್ರೀಯ ಸಾಮಾನ್ಯ ನಾಮ.

ಎರಡನೆಯ ವಸ್ತುವಿನದೂ ಇಂಥದೇ ಕಥೆ. 1978ರಲ್ಲಿ ಅಮೆರಿಕದ ಮರ್ಕ್ ಕಂಪನಿಯಲ್ಲಿ ಆಲ್ಫ್ರೆಡ್ ಆಲ್ಬರ್ಟ್ಸ್ ತಂಡ ಆಸ್ಪರ್ಜಿಲಸ್ ಟೆರಿಯಸ್ ಎಂಬ ಶಿಲೀಂಧ್ರದಲ್ಲಿ ಅದನ್ನು ಕಂಡು ಮೆವಿನೋಲಿನ್ ಎಂದು ಕರೆಯಿತು. ಅಷ್ಟರಲ್ಲಿ ಸ್ಯಾಂಕ್ಯೊ ಕಂಪನಿ ಬಿಟ್ಟು ವಿಶ್ವವಿದ್ಯಾಲಯ ಸೇರಿದ್ದ ಎಂಡೊ ಅವರಿಗೆ 1979ರಲ್ಲಿ ಮೊನಾಸ್ಕಸ್ ಎಂಬ ಕೆಂಪು ಶಿಲೀಂಧ್ರದಲ್ಲಿ ಅದೇ ವಸ್ತು ಸಿಕ್ಕಿತು. ಅವರು ಮೊನಾಸ್ಕಸ್‌ನಿಂದ ಮೊನಾಕೊಲಿನ್ ಕೆ ಎಂದು ಹೆಸರಿಟ್ಟರು. ಅಣುವಿನ ರಚನೆ ಹೋಲಿಸಿ ನೋಡಿದಾಗ ಎರಡೂ ಒಂದೇ. ಅಜ್ಜಿ ಮನೆಯಲ್ಲಿ ಪುಟ್ಟ, ಶಾಲೆಯ ಹಾಜರಿಯಲ್ಲಿ ಪ್ರಶಾಂತ ಎನ್ನುವ ಹಾಗೆ. ಇದರ ಸಾಮಾನ್ಯ ನಾಮ ಲೊವಾಸ್ಟಾಟಿನ್. 1987ರಲ್ಲಿ ಅಮೆರಿಕದಲ್ಲಿ ಅನುಮತಿ ಪಡೆದು ಮಾರುಕಟ್ಟೆಗೆ ಬಂದ ಮೊದಲ ಸ್ಟಾಟಿನ್ (ಈ ಗುಂಪಿನ ಕೊಲೆಸ್ಟ್ರಾಲ್ ಔಷಧಗಳ ಹೆಸರು) ಇದೇ.

ಕಾಂಪ್ಯಾಕ್ಟಿನ್‌ಗೂ ಲೊವಾಸ್ಟಾಟಿನ್‌ಗೂ ಇರುವ ವ್ಯತ್ಯಾಸ ಒಂದೇ ಒಂದು ಮೀಥೈಲ್ ಗುಂಪು. ಅದಕ್ಕೆ ಸಿ23ಎಚ್34ಒ5, ಇದಕ್ಕೆ ಸಿ24ಎಚ್36ಒ5. ಲೇಖನದಲ್ಲಿ ಈ ಸೂತ್ರಗಳು ಬಂದರೆ ಅದಲುಬದಲಾಗದಂತೆ ನೋಡಿಕೊಳ್ಳಿ.

‘ಕೊಲೆಸ್ಟ್ರಾಲ್ ನಾಶಕ’ ಎಂದು ದಯವಿಟ್ಟು ಬರೆಯಬೇಡಿ. ಇವು ಕೊಲೆಸ್ಟ್ರಾಲನ್ನು ನಾಶ ಮಾಡುವುದಿಲ್ಲ. ನಮ್ಮ ಯಕೃತ್ತಿನಲ್ಲಿ ಎಚ್‌ಎಂಜಿ-ಕೋಎ ರಿಡಕ್ಟೇಸ್ ಎಂಬ ಕಿಣ್ವವಿದೆ. ಅದು ಮೆವಲೋನೇಟ್ ಎಂಬ ವಸ್ತುವನ್ನು ತಯಾರಿಸುತ್ತದೆ, ಮುಂದೆ ಹಲವು ಹಂತ ದಾಟಿ ಅದೇ ಕೊಲೆಸ್ಟ್ರಾಲ್ ಆಗುತ್ತದೆ. ಸ್ಟಾಟಿನ್‌ಗಳು ಆ ಕಿಣ್ವವನ್ನು ತಡೆಯುತ್ತವೆ. ಒಳಗಿನ ತಯಾರಿಕೆ ಕುಗ್ಗಿದಾಗ ಯಕೃತ್ತಿನ ಜೀವಕೋಶಗಳು ತಮ್ಮ ಮೇಲ್ಮೈಯಲ್ಲಿ ಎಲ್‌ಡಿಎಲ್ (ರಕ್ತದಲ್ಲಿ ಕೊಲೆಸ್ಟ್ರಾಲ್ ಸಾಗಿಸುವ ಕಣ) ಗ್ರಾಹಕಗಳನ್ನು ಹೆಚ್ಚಿಸಿಕೊಂಡು ರಕ್ತದಿಂದ ಎಲ್‌ಡಿಎಲ್ ಎಳೆದುಕೊಳ್ಳುತ್ತವೆ. ರಕ್ತದ ಕೊಲೆಸ್ಟ್ರಾಲ್ ಮಟ್ಟ ಇಳಿಯುವುದು ಹೀಗೆ. ಆ ಗ್ರಾಹಕಗಳನ್ನು ಕಂಡುಹಿಡಿದ ಮೈಕೆಲ್ ಬ್ರೌನ್ ಮತ್ತು ಜೋಸೆಫ್ ಗೋಲ್ಡ್‌ಸ್ಟೀನ್ ಅವರಿಗೆ 1985ರ ನೊಬೆಲ್ ಬಂದಿತು. ಕನ್ನಡದಲ್ಲಿ ‘ಕೊಲೆಸ್ಟ್ರಾಲ್ ತಯಾರಿಕೆ ತಡೆಯುವ ಔಷಧ’ ಎನ್ನಿ. ಹೆಸರುಗಳನ್ನು ಅನುವಾದಿಸದೆ ಹಾಗೆಯೇ ಕನ್ನಡ ಲಿಪಿಯಲ್ಲಿ ಬರೆಯಿರಿ.

ಮರುಪ್ರಶ್ನೆ (ಅವರದೇ): ತುಂಬ ಉಪಕಾರವಾಯಿತು ಮೇಡಂ. ಹಾಗಾದರೆ ಕಾಂಪ್ಯಾಕ್ಟಿನ್ ಮಾತ್ರೆ ಈಗಲೂ ಸಿಗುತ್ತದೆಯೇ?

ಉತ್ತರ: ಇಲ್ಲ. ಅದು ಔಷಧವಾಗಿ ಮಾರುಕಟ್ಟೆಗೆ ಬರಲೇ ಇಲ್ಲ. ರೋಗಿಗಳಲ್ಲಿ ಒಳ್ಳೆಯ ಫಲ ಕಂಡಿತ್ತು. ಆದರೆ ನಾಯಿಗಳಿಗೆ ಭಾರೀ ಪ್ರಮಾಣದಲ್ಲಿ ದೀರ್ಘಕಾಲ ಕೊಟ್ಟ ಪ್ರಯೋಗದಲ್ಲಿ ಗೆಡ್ಡೆಗಳಾದ ಶಂಕೆ ಬಂದು 1980ರಲ್ಲಿ ಸ್ಯಾಂಕ್ಯೊ ಅದನ್ನು ಕೈಬಿಟ್ಟಿತು. ಇಂದು ಮೆವಾಸ್ಟಾಟಿನ್ ಎಂಬ ಹೆಸರು ಕಾಣುವುದು ಸಂಶೋಧನಾಲಯಗಳ ಶೀಶೆಗಳ ಮೇಲೆ. ಆದರೂ ಅದರ ವಂಶ ಉಳಿದಿದೆ: ಕಾಂಪ್ಯಾಕ್ಟಿನ್‌ಗೆ ಸೂಕ್ಷ್ಮಜೀವಿಗಳ ಮೂಲಕ ಒಂದು ಹೈಡ್ರಾಕ್ಸಿಲ್ ಗುಂಪು ಸೇರಿಸಿ ಪಡೆದದ್ದೇ ಪ್ರವಾಸ್ಟಾಟಿನ್.

ಪ್ರಶ್ನೆ (ಹಾಸನದ ನಿವೃತ್ತ ನೌಕರ): ಮೇಡಂ, ನನಗೆ ಪೆನಿಸಿಲಿನ್ ಇಂಜೆಕ್ಷನ್ ಕೊಟ್ಟಾಗ ಮೈಯೆಲ್ಲ ದದ್ದು ಎದ್ದಿತ್ತು. ಈಗ ವೈದ್ಯರು ಅಟೊರ್ವಾಸ್ಟಾಟಿನ್ ಬರೆದಿದ್ದಾರೆ. ಸ್ಟಾಟಿನ್ ಪೆನಿಸಿಲಿಯಂನಿಂದ ಬಂದದ್ದು ಎಂದು ಮೇಲೆ ಓದಿ ಭಯವಾಯಿತು. ಮಾತ್ರೆ ನಿಲ್ಲಿಸಲೇ?

ಉತ್ತರ: ನಿಲ್ಲಿಸಬೇಡಿ ಸರ್. ಪೆನಿಸಿಲಿಯಂ ಎಂಬುದು ನೂರಾರು ಪ್ರಭೇದಗಳಿರುವ ಬೂಷ್ಟಿನ ಕುಲ. ಪೆನಿಸಿಲಿನ್ ಅದರ ಕೆಲವು ಪ್ರಭೇದಗಳು ತಯಾರಿಸುವ ಒಂದು ವಸ್ತು, ಕಾಂಪ್ಯಾಕ್ಟಿನ್ ಇನ್ನೊಂದು. ಎರಡರ ರಚನೆಗೂ ಸಂಬಂಧವಿಲ್ಲ. ನಿಮ್ಮ ಅಲರ್ಜಿಯ ಮೂಲ ಪೆನಿಸಿಲಿನ್ ಅಣುವಿನಲ್ಲಿರುವ ಬೀಟಾ-ಲ್ಯಾಕ್ಟಮ್ ಎಂಬ ಪರಮಾಣುಗಳ ಉಂಗುರಕ್ಕೆ ಸಂಬಂಧಿಸಿದ್ದು. ಲೊವಾಸ್ಟಾಟಿನ್‌ನಲ್ಲಿರುವುದು ಲ್ಯಾಕ್ಟೋನ್ ಎಂಬ ಬೇರೆಯೇ ಉಂಗುರ, ಹೆಸರು ಹತ್ತಿರ, ವಸ್ತು ದೂರ. ಅಲ್ಲದೆ ನೀವು ಸೇವಿಸುವ ಅಟೊರ್ವಾಸ್ಟಾಟಿನ್ ಬೂಷ್ಟಿನಿಂದ ಬಂದದ್ದೇ ಅಲ್ಲ, ಅದು ಪೂರ್ತಿ ರಾಸಾಯನಿಕವಾಗಿ ತಯಾರಾಗುತ್ತದೆ. ರೊಸುವಾಸ್ಟಾಟಿನ್ ಕೂಡ ಹಾಗೆಯೇ. ಪೆನಿಸಿಲಿನ್ ಅಲರ್ಜಿಯ ವಿಷಯವನ್ನು ಮಾತ್ರ ಯಾವ ವೈದ್ಯರ ಬಳಿ ಹೋದರೂ ಮೊದಲೇ ಹೇಳಿ.

ಪ್ರಶ್ನೆ (ಮಂಡ್ಯದ ಗೃಹಿಣಿ): ನಮ್ಮ ಅತ್ತೆಯವರು ರೊಸುವಾಸ್ಟಾಟಿನ್ ತೆಗೆದುಕೊಳ್ಳುತ್ತಾರೆ. ಮಗುವಿನ ನಾಲಿಗೆಯ ಮೇಲೆ ಬಿಳಿ ಪದರ ಬಂದಿದ್ದಕ್ಕೆ ವೈದ್ಯರು ನಿಸ್ಟಾಟಿನ್ ಹನಿ ಬರೆದಿದ್ದಾರೆ. ಎಂಟು ತಿಂಗಳ ಮಗುವಿಗೆ ಕೊಲೆಸ್ಟ್ರಾಲ್ ಔಷಧ ಏಕೆ?

ಉತ್ತರ: ಕೇಳಿದ್ದು ಒಳ್ಳೆಯದಾಯಿತು ತಾಯಿ. ಇದು ಕೊಲೆಸ್ಟ್ರಾಲ್ ಔಷಧವಲ್ಲ, ಧೈರ್ಯವಾಗಿ ವೈದ್ಯರು ಹೇಳಿದಂತೆ ಹಾಕಿ. ನಿಸ್ಟಾಟಿನ್ ಬಾಯಿಯ ಶಿಲೀಂಧ್ರ ಸೋಂಕಿನ ಔಷಧ. ಎಲಿಜಬೆತ್ ಹೇಜನ್ ಮತ್ತು ರೇಚಲ್ ಬ್ರೌನ್ ಎಂಬ ಇಬ್ಬರು ಮಹಿಳಾ ವಿಜ್ಞಾನಿಗಳು ನ್ಯೂಯಾರ್ಕ್ ರಾಜ್ಯದ ಆರೋಗ್ಯ ಇಲಾಖೆಯಲ್ಲಿ ಇದ್ದಾಗ ಕಂಡುಹಿಡಿದು 1950ರಲ್ಲಿ ಪ್ರಕಟಿಸಿದ್ದು. ನ್ಯೂಯಾರ್ಕ್ ಸ್ಟೇಟ್ ಎಂಬ ಹೆಸರೇ ಅದರೊಳಗೆ ಕುಳಿತಿದೆ. ಸ್ಟಾಟಿನ್ ಮಾತ್ರೆಗಳು ಹುಟ್ಟುವುದಕ್ಕೆ ಎಷ್ಟೋ ವರ್ಷ ಮೊದಲಿನ ಮಾತು.

ಎಲ್ಲರೂ ಇದೊಂದನ್ನು ಗುರುತಿಟ್ಟುಕೊಳ್ಳಿ. ಹೆಸರಿನ ಕೊನೆಯಲ್ಲಿ ಬರೀ ‘ಸ್ಟಾಟಿನ್’ ಇದ್ದರೆ ಸಾಲದು, ‘ವಾಸ್ಟಾಟಿನ್’ ಇರಬೇಕು. ಕೊಲೆಸ್ಟ್ರಾಲ್ ಇಳಿಸುವ ಈ ಗುಂಪಿಗೆ ವಿಶ್ವ ಆರೋಗ್ಯ ಸಂಸ್ಥೆ ಗೊತ್ತು ಮಾಡಿರುವ ಬಾಲ ಅದು. ಅಟೊರ್-ವಾಸ್ಟಾಟಿನ್, ರೊಸು-ವಾಸ್ಟಾಟಿನ್, ಸಿಮ್-ವಾಸ್ಟಾಟಿನ್. ಸ್ಟ್ರಿಪ್ ಹಿಂದೆ ದೊಡ್ಡಕ್ಷರದ ಬ್ರ್ಯಾಂಡ್ ಹೆಸರಿನ ಹತ್ತಿರ ಈ ಹೆಸರೂ ಅದರ ಮಿಲಿಗ್ರಾಂ ಸಂಖ್ಯೆಯೂ ಇರುತ್ತವೆ. ಬೇಕಾದದ್ದು ಆ ಸಾಲು.

ಪ್ರಶ್ನೆ (ಮೈಸೂರಿನ ಬ್ಯಾಂಕ್ ಉದ್ಯೋಗಿ): ಅಮೆರಿಕದಲ್ಲಿರುವ ಅಕ್ಕ ‘ರೆಡ್ ಯೀಸ್ಟ್ ರೈಸ್’ ಎಂಬ ಕ್ಯಾಪ್ಸೂಲ್ ಡಬ್ಬಿ ಕಳುಹಿಸಿದ್ದಾಳೆ. ನೈಸರ್ಗಿಕ, ಅಡ್ಡಪರಿಣಾಮ ಇಲ್ಲ ಎನ್ನುತ್ತಾಳೆ. ಅಪ್ಪ ಆಗಲೇ ರಾತ್ರಿ ಅಟೊರ್ವಾಸ್ಟಾಟಿನ್ 20 ಸೇವಿಸುತ್ತಿದ್ದಾರೆ. ಜೊತೆಗೆ ಇದನ್ನೂ ಕೊಡಬಹುದೇ? ಮನೆಯಲ್ಲಿ ಮಂಗಳೂರಿನ ಕುಚ್ಚಲಕ್ಕಿ ಉಣ್ಣುತ್ತೇವೆ, ಅದರಲ್ಲೂ ಇದೇ ಇರುತ್ತದೆಯೇ?

ಉತ್ತರ: ಜೊತೆಗೆ ಕೊಡಬೇಡಿ. ಇಂದು ಬಂದ ಪ್ರಶ್ನೆಗಳಲ್ಲಿ ನನಗೆ ಆತಂಕ ತಂದದ್ದು ಇದೊಂದೇ, ಆದ್ದರಿಂದ ವಿವರವಾಗಿ ಹೇಳುತ್ತೇನೆ.

ಅನ್ನದ ಮೇಲೆ ಮೊನಾಸ್ಕಸ್ ಬೆಳೆಸಿ ಒಣಗಿಸಿದ್ದೇ ಆ ‘ರೆಡ್ ಯೀಸ್ಟ್ ರೈಸ್’. ಚೀನಾದಲ್ಲಿ ಅಡುಗೆಗೆ ಬಣ್ಣ ಕೊಡಲು, ಮದ್ಯ ತಯಾರಿಸಲು ಶತಮಾನಗಳಿಂದ ಬಳಸುತ್ತಾರೆ. ಡಬ್ಬಿಯ ಲೇಬಲ್ಲಿನಲ್ಲಿ ಮೊನಾಕೊಲಿನ್ ಕೆ ಎಂಬ ಪದ ಇದೆಯೇ ನೋಡಿ. ಮೇಲೆ ಹೇಳಿದಂತೆ ಮೊನಾಕೊಲಿನ್ ಕೆ ಎಂದರೆ ಲೊವಾಸ್ಟಾಟಿನ್. ಅಂದರೆ ನಿಮ್ಮ ತಂದೆ ಅಟೊರ್ವಾಸ್ಟಾಟಿನ್ ಜೊತೆಗೆ ಇನ್ನೊಂದು ಸ್ಟಾಟಿನ್ ಸೇವಿಸಿದಂತಾಗುತ್ತದೆ, ಅದೂ ಎಷ್ಟು ಪ್ರಮಾಣದಲ್ಲಿ ಎಂದು ಯಾರಿಗೂ ತಿಳಿಯದಂತೆ. ಲೇಬಲ್ಲಿನಲ್ಲಿ ಆ ಪದ ಇಲ್ಲದಿದ್ದರೂ ವಸ್ತು ಇರಬಹುದು. ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ ಇಂಥದೊಂದು ಕ್ಯಾಪ್ಸೂಲನ್ನು 1998ರಲ್ಲಿಯೇ ‘ಇದು ಆಹಾರವಲ್ಲ, ಅನುಮತಿ ಇಲ್ಲದ ಔಷಧ’ ಎಂದು ತೀರ್ಮಾನಿಸಿತ್ತು. ಅದರ ಮೊಕದ್ದಮೆ 2001ರವರೆಗೆ ನಡೆಯಿತು. ಅದರಿಂದಾಗಿ ಅಲ್ಲಿನ ತಯಾರಕರು ಲೇಬಲ್ಲಿನಲ್ಲಿ ಮೊನಾಕೊಲಿನ್ ಪ್ರಮಾಣವನ್ನು ಹೇಳಲು ಹಿಂಜರಿಯುತ್ತಾರೆ. ಯುರೋಪ್ ಒಕ್ಕೂಟ 2022ರಲ್ಲಿ ಇಂಥ ಪೂರಕಗಳಲ್ಲಿ ಮೊನಾಕೊಲಿನ್ ದಿನಕ್ಕೆ 3 ಮಿಲಿಗ್ರಾಂಗಿಂತ ಕಡಿಮೆ ಇರಬೇಕೆಂದು ಮಿತಿ ಹಾಕಿತು.

ಎರಡು ಸ್ಟಾಟಿನ್ ಸೇರಿದರೆ ಸ್ನಾಯುಗಳಿಗೆ ಅಪಾಯ ಹೆಚ್ಚು. ತೊಡೆ, ತೋಳುಗಳಲ್ಲಿ ಕಾರಣವಿಲ್ಲದ ನೋವು, ನಿಶ್ಶಕ್ತಿ, ಕಪ್ಪು ಚಹಾದ ಬಣ್ಣದ ಮೂತ್ರ ಕಂಡರೆ ಅದೇ ದಿನ ವೈದ್ಯರನ್ನು ನೋಡಬೇಕು. ಇನ್ನೊಂದು ಅಪಾಯವೂ ಇದೆ. ಕೆಲವು ಮೊನಾಸ್ಕಸ್ ತಳಿಗಳು ಸಿಟ್ರಿನಿನ್ ಎಂಬ ಮೂತ್ರಪಿಂಡಕ್ಕೆ ಹಾನಿಕರವಾದ ವಿಷವನ್ನೂ ತಯಾರಿಸುತ್ತವೆ. 2024ರಲ್ಲಿ ಜಪಾನಿನಲ್ಲಿ ಇದೇ ಬಗೆಯ ಪೂರಕ ಸೇವಿಸಿದ ಅನೇಕರ ಮೂತ್ರಪಿಂಡಗಳು ಕೆಟ್ಟವು. ತಯಾರಿಕೆಯಲ್ಲಿ ಬೇರೊಂದು ಬೂಷ್ಟು ಸೇರಿ ಉಂಟಾದ ಪ್ಯೂಬೆರುಲಿಕ್ ಆಮ್ಲ ಆ ಪೂರಕದಲ್ಲಿ ಪತ್ತೆಯಾಯಿತು. ‘ನೈಸರ್ಗಿಕ’ ಎಂಬ ಪದ ಇಲ್ಲಿ ಯಾವ ರಕ್ಷಣೆಯನ್ನೂ ಕೊಡುವುದಿಲ್ಲ. ನಿಮ್ಮ ಅಕ್ಕನ ಕಾಳಜಿ ಅರ್ಥವಾಗುತ್ತದೆ. ಅವರಿಗೂ ಇದನ್ನು ಓದಲು ಕಳುಹಿಸಿ.

ಕುಚ್ಚಲಕ್ಕಿಯ ವಿಷಯಕ್ಕೆ ಬಂದರೆ, ಅದಕ್ಕೂ ಇದಕ್ಕೂ ಸಂಬಂಧವೇ ಇಲ್ಲ. ಕೆಂಪಕ್ಕಿಯ ಕೆಂಪು ಅಕ್ಕಿಯ ಮೇಲ್ಪದರದ ಸಹಜ ಬಣ್ಣ, ಶಿಲೀಂಧ್ರದ್ದಲ್ಲ. ಅದರಲ್ಲಿ ಮೊನಾಕೊಲಿನ್ ಇಲ್ಲ. ಗಂಜಿ ಮಾಡಿಕೊಂಡು ಸಂತೋಷವಾಗಿ ಉಣ್ಣಿ. ಹಾಗೆಯೇ, ಮನೆಯಲ್ಲಿ ಅಕ್ಕಿಗೆ ಬೂಷ್ಟು ಹಿಡಿದರೆ ಅದರಲ್ಲಿ ಔಷಧವಿದೆ ಎಂದು ಯಾರೂ ತಿನ್ನಬಾರದು. ಎಂಡೊ ಅವರ ಅಕ್ಕಿಯ ಬೂಷ್ಟಿನಿಂದ ಔಷಧ ಬಂದದ್ದು ಶುದ್ಧೀಕರಿಸಿದ ಮೇಲೆ. ಪೆನಿಸಿಲಿಯಂ ಸಿಟ್ರಿನಮ್ ಎಂಬ ಅದೇ ಪ್ರಭೇದ ಸಿಟ್ರಿನಿನ್ ವಿಷವನ್ನೂ ತಯಾರಿಸುತ್ತದೆ, ಆ ವಿಷದ ಹೆಸರು ಬಂದದ್ದೇ ಅದರಿಂದ.

ಪ್ರಶ್ನೆ (ಶಿರಸಿಯ ಅಣಬೆ ಬೆಳೆಗಾರ): ಚಿಪ್ಪಣಬೆಯಲ್ಲಿ ಲೊವಾಸ್ಟಾಟಿನ್ ಇದೆ ಎಂದು ತರಬೇತಿಯಲ್ಲಿ ಹೇಳಿದರು. ಪೊಟ್ಟಣದ ಮೇಲೆ ‘ಕೊಲೆಸ್ಟ್ರಾಲ್ ಗುಣಪಡಿಸುತ್ತದೆ’ ಎಂದು ಮುದ್ರಿಸಬಹುದೇ?

ಉತ್ತರ: ಅವರು ಹೇಳಿದ್ದು ನಿಜ, ಚಿಪ್ಪಣಬೆಯಲ್ಲಿ ಲೊವಾಸ್ಟಾಟಿನ್ ಇರುವುದನ್ನು ಸಂಶೋಧಕರು ತೋರಿಸಿದ್ದಾರೆ. ಆದರೆ ತಳಿ, ಬೆಳೆಸುವ ಮಾಧ್ಯಮ, ಕೊಯ್ಲಿನ ಹಂತ ಬದಲಾದಂತೆ ಪ್ರಮಾಣವೂ ಬದಲಾಗುತ್ತದೆ. ಮಾತ್ರೆಯ ಬದಲಿಗೆ ಅಣಬೆ ಎಂದು ಯಾರಾದರೂ ನಂಬಿ ಔಷಧ ಬಿಟ್ಟರೆ ಅವರಿಗೆ ನಷ್ಟ. ಗುಣಪಡಿಸುತ್ತದೆ ಎಂದು ಮುದ್ರಿಸಬೇಡಿ, ಆಹಾರದ ಮೇಲೆ ಹಾಗೆ ಹೇಳಿಕೊಳ್ಳಲು ಕಾನೂನೂ ಒಪ್ಪುವುದಿಲ್ಲ. ನಾರು, ಪ್ರೋಟೀನು ಇರುವ ಒಳ್ಳೆಯ ಆಹಾರ ಎಂದು ಬರೆದರೂ ನಿಮ್ಮ ಅಣಬೆ ಮಾರಾಟವಾಗುತ್ತದೆ.

ಪ್ರಶ್ನೆ (ದೇವನಹಳ್ಳಿಯ ತೋಟಗಾರ): ಸ್ಟಾಟಿನ್ ಮಾತ್ರೆ ಸೇವಿಸುವವರು ಚಕ್ಕೋತ ತಿನ್ನಬಾರದು ಎಂದು ಯಾರೋ ಹೇಳಿದರು. ನಮ್ಮ ಊರಿನ ಚಕ್ಕೋತ ಬಿಡುವುದು ಹೇಗೆ ಮೇಡಂ?

ಉತ್ತರ: ನಿಮ್ಮ ಊರಿನ ಚಕ್ಕೋತಕ್ಕೆ ಭೌಗೋಳಿಕ ಸೂಚಕವೇ ಇದೆ, ಬಿಡುವುದು ಕಷ್ಟ ಎಂಬುದು ನನಗೂ ಗೊತ್ತು. ಅಧ್ಯಯನ ಹೆಚ್ಚಾಗಿ ನಡೆದಿರುವುದು ಅದರ ಹತ್ತಿರದ ಬಂಧು ಗ್ರೇಪ್‌ಫ್ರೂಟ್ ಮೇಲೆ. ಅದರಲ್ಲಿರುವ ಫ್ಯೂರನೊಕೂಮರಿನ್ ಎಂಬ ವಸ್ತುಗಳು ಕರುಳಿನ ಒಂದು ಕಿಣ್ವವನ್ನು ತಡೆದು ಲೊವಾಸ್ಟಾಟಿನ್ ಮತ್ತು ಸಿಮ್ವಾಸ್ಟಾಟಿನ್ ರಕ್ತದಲ್ಲಿ ವಿಪರೀತ ಏರುವಂತೆ ಮಾಡುತ್ತವೆ, ಅಟೊರ್ವಾಸ್ಟಾಟಿನ್‌ಗೆ ಇದು ಸ್ವಲ್ಪ ಕಡಿಮೆ. ಚಕ್ಕೋತದಲ್ಲೂ ಈ ವಸ್ತುಗಳಿವೆ. ರೊಸುವಾಸ್ಟಾಟಿನ್ ಮತ್ತು ಪ್ರವಾಸ್ಟಾಟಿನ್ ಆ ಕಿಣ್ವದ ದಾರಿಯಲ್ಲಿ ಹೋಗುವುದಿಲ್ಲ. ನೀವು ಸೇವಿಸುವುದು ಯಾವುದು ಎಂದು ಸ್ಟ್ರಿಪ್ ನೋಡಿ ಹೇಳಿ. ಹಣ್ಣು ಬಿಡುವ ಬದಲು ಮಾತ್ರೆ ಬದಲಿಸಬಹುದೇ ಎಂದು ನಿಮ್ಮ ವೈದ್ಯರನ್ನು ಕೇಳಲು ಅವಕಾಶವಿದೆ. ಕೆಮ್ಮು, ಜ್ವರಕ್ಕೆ ಕ್ಲಾರಿಥ್ರೊಮೈಸಿನ್ ಎಂಬ ಆಂಟಿಬಯಾಟಿಕ್ ಬರೆದರೂ ಸ್ಟಾಟಿನ್ ಸೇವಿಸುತ್ತಿರುವುದನ್ನು ಮರೆಯದೆ ತಿಳಿಸಿ.

ದೇವನಹಳ್ಳಿಯವರು: ನೋಡಿದೆ ಮೇಡಂ. ರೊಸುವಾಸ್ಟಾಟಿನ್ 10 ಎಂದಿದೆ.

ಉತ್ತರ: ಹಾಗಾದರೆ ಚಕ್ಕೋತದ ಚಿಂತೆ ಬೇಡ ಸರ್. ಅಸಿಡಿಟಿಗೆ ಅಲ್ಯೂಮಿನಿಯಂ-ಮೆಗ್ನೀಸಿಯಂ ಇರುವ ಸಿರಪ್ ಕುಡಿಯುವ ಅಭ್ಯಾಸವಿದ್ದರೆ ಮಾತ್ರ ಆ ಮಾತ್ರೆ ನುಂಗಿ ಎರಡು ಗಂಟೆ ಕಳೆದ ಮೇಲೆ ಕುಡಿಯಿರಿ.