ಮಗುವಿನ ಕಸ್ಟಡಿಗೆ ‘ವಶ’ ಅನ್ನಬಹುದಾ? ವಿಸಿಟೇಶನ್‌ಗೆ ಏನಂತೀರಿ?

ಎಲ್ರಿಗೂ ನಮಸ್ಕಾರ. ನಮ್ಮ ನೆಂಟರ ಹುಡುಗಿಯೊಬ್ಬಳ ಡೈವೋರ್ಸ್ ಕೇಸು ಫ್ಯಾಮಿಲಿ ಕೋರ್ಟಲ್ಲಿ ನಡೀತಿದೆ, ಆರ್ಡರ್ ಇಂಗ್ಲಿಷಲ್ಲಿತ್ತು, ಅವಳ ಅಮ್ಮನಿಗೆ ಅರ್ಥ ಆಗ್ಲಿ ಅಂತ ನಾನೇ ಕನ್ನಡದಲ್ಲಿ ಬರ್ಕೊಡೋಕೆ ಕೂತೆ. ‘ಮಗು ತಾಯಿಯ ವಶದಲ್ಲಿರತಕ್ಕದ್ದು’ ಅಂತ ಓದಿದ್ದೇ ತಡ ಅವ್ರು, ‘ವಶ ಅಂದ್ರೆ, ಪೊಲೀಸ್ನೋರು ಗಾಡಿ ವಶಕ್ಕೆ ತಗೋತಾರಲ್ಲ ಹಂಗೇನಪ್ಪಾ?’ ಅಂದ್ಬಿಟ್ರು. ಅವತ್ತಿಂದ ತಲೆ ಕೊರೀತಿದೆ.

ಕಾನೂನು ಕನ್ನಡದಲ್ಲಿ ಕಸ್ಟಡಿಗೆ ‘ಅಭಿರಕ್ಷೆ’ ಅಂತಿದೆ, ಆದ್ರೆ ಮನೇಲಿ ಯಾರೂ ಅನ್ನಲ್ಲ. ಪೇಪರಲ್ಲಿ ‘ಸುಪರ್ದಿ’ ಬರುತ್ತೆ, ಪರ್ಷಿಯನ್ ಮೂಲದ ಪದ, ಒಪ್ಪಿಸಿದ್ದು ಅಂತ ಅರ್ಥ, ನನಗಿದು ವಶಕ್ಕಿಂತ ವಾಸಿ ಅನ್ಸುತ್ತೆ ಯಾಕಂದ್ರೆ ಒಪ್ಪಿಸಿದ್ದು ನಂದಲ್ಲ, ನೋಡ್ಕೋಬೇಕು ಅನ್ನೋ ಭಾವ ಅದ್ರಲ್ಲಿದೆ. ‘ಮಗು ತಾಯಿ ಮಡಿಲಿಗೆ’ ಅಂತ ಹೆಡ್ಡಿಂಗ್ ಹಾಕ್ತಾರೆ, ಸರಿ, ತಂದೆಗೆ ಕೊಟ್ಟಾಗ ಏನ್ ಹಾಕೋದು?

‘ಪಾಲನೆ’ ಅನ್ನಿ ಅಂತ ಒಬ್ರು ಹೇಳಿದ್ರು. ತೊಡಕು ಇರೋದೇ ಅಲ್ಲಿ. ಮಗು ದಿನಾ ಯಾರ ಹತ್ರ ಇರುತ್ತೆ ಅನ್ನೋದು ಕಸ್ಟಡಿ, ಅದರ ಪರವಾಗಿ ಕಾನೂನು ಪ್ರಕಾರ ಸಹಿ ಹಾಕೋರು ಗಾರ್ಡಿಯನ್, ಎರಡೂ ಒಬ್ರೇ ಆಗ್ಬೇಕಂತಿಲ್ಲ. 1956ರ ಹಿಂದೂ ಅಪ್ರಾಪ್ತರ ಕಾಯ್ದೆ ಆರನೇ ಸೆಕ್ಷನ್ನಲ್ಲಿ ಗಾರ್ಡಿಯನ್ ತಂದೆ, ‘ಅವನ ನಂತರ’ ತಾಯಿ ಅಂತಿದೆ, ಅದೇ ಉಸಿರಲ್ಲಿ 5 ವರ್ಷ ತುಂಬದ ಮಗು ಸಾಮಾನ್ಯವಾಗಿ ತಾಯಿ ಹತ್ರ ಇರ್ಬೇಕು ಅಂತಾನೂ ಇದೆ. ಆ ‘ನಂತರ’ ಅನ್ನೋ ಒಂದೇ ಪದದ ಮೇಲೆ ಲೇಖಕಿ ಗೀತಾ ಹರಿಹರನ್ ರಿಸರ್ವ್ ಬ್ಯಾಂಕ್ ವಿರುದ್ಧ ಸುಪ್ರೀಂ ಕೋರ್ಟಿಗೆ ಹೋದ್ರು, ಮಗನ ಹೆಸರಲ್ಲಿ ಬಾಂಡ್ ತಗೋಳೋಕೆ ಬ್ಯಾಂಕಿನೋರು ತಂದೆಯ ಸಹಿ ಬೇಕು ಅಂದ್ರು ಅಂತ. ನಂತರ ಅಂದ್ರೆ ತಂದೆ ಸತ್ತಮೇಲೆ ಅಂತಲ್ಲ, ತಂದೆ ಇಲ್ಲದಿರುವಾಗ, ಅಂದ್ರೆ ಬದುಕಿದ್ರೂ ಮಗುವಿನ ಜವಾಬ್ದಾರಿ ತಗೊಳ್ದೇ ಇದ್ದಾಗಲೂ ಅನ್ವಯಿಸುತ್ತೆ ಅಂತ 1999ರಲ್ಲಿ ಕೋರ್ಟು ಅರ್ಥ ಹೇಳ್ತು. ಒಂದು ಪದ ಎಷ್ಟು ತಾಯಂದಿರಿಗೆ ದಾರಿ ಬಿಡಿಸ್ತು ನೋಡಿ, ಅದಕ್ಕೇ ಕನ್ನಡದಲ್ಲಿ ಎರಡನ್ನೂ ‘ಪಾಲನೆ’ ಅಂತ ಕಲಸಿಬಿಡೋದು ನಂಗೆ ಇಷ್ಟ ಇಲ್ಲ.

2013ರಲ್ಲಿ ನಮ್ಮ ಹೈಕೋರ್ಟು ಒಂದು ಕೇಸಲ್ಲಿ ಮಗು ವರ್ಷದಲ್ಲಿ ಆರು ತಿಂಗಳು ತಂದೆ ಹತ್ರ, ಆರು ತಿಂಗಳು ತಾಯಿ ಹತ್ರ ಅಂತ ಆರ್ಡರ್ ಮಾಡ್ತು. ಅದನ್ನ ‘ಜಂಟಿ ವಶ’ ಅಂದ್ರೆ ಬ್ಯಾಂಕಿನ ಜಂಟಿ ಖಾತೆ ಥರ ಕೇಳ್ಸುತ್ತೆ.

ಇನ್ನು ವಿಸಿಟೇಶನ್, ಅಂದ್ರೆ ಮಗು ಯಾರ ಹತ್ರ ಇಲ್ವೋ ಆ ತಂದೆ ಇಲ್ಲಾ ತಾಯಿ ಮಗುನ ನೋಡೋದು. ‘ಭೇಟಿ ಹಕ್ಕು’ ಅಂತ ಬರೆದೆ. ‘ಹೆತ್ತ ಅಪ್ಪ ಭೇಟಿಗೆ ಬರೋಕೆ ಅವ್ನೇನು ನೆಂಟನಾ’ ಅಂದ್ರು ಅದೇ ಅಮ್ಮ, ಅಳಿಯನ ಮೇಲೆ ಅಷ್ಟು ಸಿಟ್ಟಿದ್ರೂನೂ. ಸುಪ್ರೀಂ ಕೋರ್ಟು 2020ರ ಒಂದು ತೀರ್ಪಲ್ಲಿ ಭೇಟಿ ಜೊತೆಗೆ ಕಾಂಟ್ಯಾಕ್ಟ್ ಹಕ್ಕಿನ ಮಾತೂ ಆಡಿದೆ, ದೂರ ಇರೋ ತಂದೆ ಇಲ್ಲಾ ತಾಯಿ ಫೋನಲ್ಲಿ ವಿಡಿಯೋ ಕಾಲಲ್ಲಿ ಮಾತಾಡೋದು, ಅದಕ್ಕೆ ‘ಒಡನಾಟದ ಹಕ್ಕು’ ಅಂದ್ರೆ ಹೇಗೆ?

ಧಾರವಾಡ, ಮಂಗಳೂರು ಕಡೆಯೋರು, ಕೋರ್ಟಲ್ಲಿ ಕೆಲಸ ಮಾಡೋರು, ನಿಮ್ಮಲ್ಲಿ ಕಕ್ಷಿದಾರರು ಬಾಯಲ್ಲಿ ಏನಂತಾರೆ ದಯವಿಟ್ಟು ತಿಳ್ಸಿ. ಸದ್ಯಕ್ಕೆ ನಾನು ವಶ, ಭೇಟಿ ಎರಡನ್ನೂ ಹೊಡೆದುಹಾಕಿ ‘ಮಗು ಅಮ್ಮನ ಹತ್ರ ಇರುತ್ತೆ, ಶನಿವಾರ ಅಪ್ಪನ ಜೊತೆ ಕಳೆಯುತ್ತೆ’ ಅಂತ ಬರ್ಕೊಟ್ಟಿದೀನಿ.